ದೋಷವನ್ನು ಅಳೆದ ಗಣಿತಜ್ಞ: ಚೆಬಿಷೆವ್

ಗಣಿತವೆಂದರೆ ನಿಖರತೆಯೆಂಬ ಭಾವನೆ ನಮ್ಮಲ್ಲಿ ಬೇರೂರಿದೆ. ಆದರೆ ನಿಖರತೆ ಕೈಗೆಟುಕದ ಎಡೆಯಲ್ಲಿ ಉಳಿಯುವ ದೋಷವನ್ನು ಎಷ್ಟರಮಟ್ಟಿಗೆ ಕುಗ್ಗಿಸಬಹುದೆಂಬ ಪ್ರಶ್ನೆಯನ್ನು ಒಂದು ಶಾಸ್ತ್ರವಾಗಿಯೇ ಬೆಳೆಸಿದವರು ರಷ್ಯಾದ ಪಾಫ್ನುತಿ ಲ್ವೋವಿಚ್ ಚೆಬಿಷೆವ್.

ಕಲುಗಾ ಪ್ರಾಂತದ ಒಕಾತೊವೊ ಗ್ರಾಮದಲ್ಲಿ 1821ರ ಮೇ 16ರಂದು ಜನಿಸಿದ ಅವರಿಗೆ ಬಾಲ್ಯದಿಂದಲೂ ಕಾಲಿನ ಊನವಿತ್ತು. ಓರಗೆಯವರ ಆಟಗಳಿಂದ ದೂರ ಉಳಿಯಬೇಕಾದ ಬಾಲಕನ ಮನಸ್ಸು ಯಂತ್ರಗಳ ರಚನೆಯತ್ತ ಹೊರಳಿತು. 1837ರಲ್ಲಿ ಮಾಸ್ಕೋ ವಿಶ್ವವಿದ್ಯಾಲಯವನ್ನು ಸೇರಿದ ಅವರು, ಸಮೀಕರಣಗಳ ಮೂಲಗಳನ್ನು ಲೆಕ್ಕಹಾಕುವ ವಿಧಾನವನ್ನು ಕುರಿತ ಪ್ರಬಂಧಕ್ಕೆ ಬೆಳ್ಳಿಯ ಪದಕ ಪಡೆದರು. 1847ರಿಂದ ಸೇಂಟ್ ಪೀಟರ್ಸ್‌ಬರ್ಗ್ ಅವರ ಕರ್ಮಭೂಮಿಯಾಯಿತು.

1852ರಲ್ಲಿ ಪಶ್ಚಿಮ ಯುರೋಪಿನ ಪ್ರವಾಸ ಕೈಗೊಂಡ ಚೆಬಿಷೆವ್ ಕಾರ್ಖಾನೆಗಳ ಉಗಿಯಂತ್ರಗಳನ್ನು ಸೂಕ್ಷ್ಮವಾಗಿ ಪರಿಶೀಲಿಸಿದರು. ಪಿಸ್ಟನ್ ನೇರವಾಗಿ ಚಲಿಸಬೇಕು. ಅದಕ್ಕೆ ಸೇರಿದ ತೂಗುದಂಡದ ತುದಿಯಾದರೋ ಕಮಾನಿನಂತೆ ಬಾಗಿ ಚಲಿಸುತ್ತದೆ. ಇವೆರಡನ್ನೂ ಹೊಂದಿಸಲು ಜೇಮ್ಸ್ ವಾಟ್ ರೂಪಿಸಿದ್ದ ಸರಳುಗಳ ಜೋಡಣೆ ಕೊಡುತ್ತಿದ್ದುದು ನೇರಕ್ಕೆ ಸಮೀಪವಾದ ಚಲನೆಯನ್ನೇ ಹೊರತು ಪೂರ್ಣ ನೇರವಾದುದನ್ನಲ್ಲ. ಆ ಅಲ್ಪ ವಿಚಲನೆಯಿಂದ ಯಂತ್ರ ಸವೆಯುತ್ತಿತ್ತು. ಸರಳುಗಳ ಅಳತೆಯನ್ನು ಹೇಗೆ ಆರಿಸಿದರೆ ಅತ್ಯಧಿಕ ವಿಚಲನೆಯು ಅತ್ಯಲ್ಪವಾದೀತು? 1854ರಲ್ಲಿ ಪ್ರಕಟವಾದ ಅವರ ಪ್ರಬಂಧ ಹುಟ್ಟಿದ್ದು ಈ ಪ್ರಶ್ನೆಯಿಂದ.

ಅವರ ವಿಚಾರಸರಣಿಯನ್ನು ಸರಳ ನಿದರ್ಶನವೊಂದರಿಂದ ತಿಳಿಯಬಹುದು. -1ರಿಂದ 1ರವರೆಗಿನ ಸಂಖ್ಯೆಗಳ ವರ್ಗವು ಒಂದು ವಕ್ರರೇಖೆಯಾಗುತ್ತದೆ. ಅದಕ್ಕೆ ಬದಲಾಗಿ ಒಂದು ಸರಳರೇಖೆಯನ್ನು ಇಡಬೇಕಾದರೆ 1/2 ಎತ್ತರದ ಸಮರೇಖೆಯೇ ಅತ್ಯುತ್ತಮ. ಎರಡು ತುದಿಗಳಲ್ಲಿ 1/2ರಷ್ಟು ಕೊರತೆ, ನಡುವೆ 1/2ರಷ್ಟು ಹೆಚ್ಚಳ. ಒಂದೆಡೆ ತಪ್ಪನ್ನು ತಗ್ಗಿಸಹೊರಟರೆ ಮತ್ತೊಂದೆಡೆ ಅದು ಹಿಗ್ಗುತ್ತದೆ. ದೋಷವು ಎಲ್ಲೋ ಒಂದೆಡೆ ಗುಡ್ಡೆಯಾಗದೆ, ಕೊರತೆ ಹೆಚ್ಚಳಗಳಾಗಿ ಸಮಪ್ರಮಾಣದಲ್ಲಿ ಹಂಚಿಹೋದಾಗಲೇ ಅದರ ಗರಿಷ್ಠ ಪ್ರಮಾಣ ಕನಿಷ್ಠವಾಗುವುದು. ಇಂತಹ ಸಮದೋಷದಿಂದಲೇ ರೂಪುಗೊಂಡ ಬಹುಪದೋಕ್ತಿಗಳು ಇಂದು ಅವರ ಹೆಸರನ್ನೇ ಹೊತ್ತಿವೆ.

ಅವಿಭಾಜ್ಯ ಸಂಖ್ಯೆಗಳು, ಸಂಭವನೀಯತೆ ಮೊದಲಾದ ಕ್ಷೇತ್ರಗಳಲ್ಲಿಯೂ ಅವರ ಸಾಧನೆ ಹಿರಿದು. ಒಂದಕ್ಕಿಂತ ದೊಡ್ಡದಾದ ಯಾವುದೇ ಸಂಖ್ಯೆಗೂ ಅದರ ಇಮ್ಮಡಿಗೂ ನಡುವೆ ಅವಿಭಾಜ್ಯ ಸಂಖ್ಯೆಯೊಂದು ಇದ್ದೇ ಇರುತ್ತದೆಂಬ ಬರ್ಟ್ರಾಂಡ್‌ರ ಊಹೆಯನ್ನು ಸಾಧಿಸಿ ತೋರಿಸಿದವರು ಅವರೇ. ಮಾರ್ಕೊವ್, ಲ್ಯಾಪುನೊವ್‌ರಂಥ ಶಿಷ್ಯರಿಂದ ಪೀಟರ್ಸ್‌ಬರ್ಗ್ ಗಣಿತ ಪರಂಪರೆ ಬೆಳೆಯಿತು. 1882ರಲ್ಲಿ ಅಧ್ಯಾಪನದಿಂದ ನಿವೃತ್ತರಾದ ಬಳಿಕವೂ ಸಂಶೋಧನೆಯನ್ನು ಬಿಡದ ಚೆಬಿಷೆವ್ 1894ರ ಡಿಸೆಂಬರ್ 8ರಂದು ನಿಧನ ಹೊಂದಿದರು.

ಗಣಕಯಂತ್ರವು ತ್ರಿಕೋನಮಿತಿಯ ಬೆಲೆಗಳನ್ನು ಕ್ಷಣಾರ್ಧದಲ್ಲಿ ಒದಗಿಸುವಾಗ ಅದರ ಒಳಗೆ ದುಡಿಯುವುದು ಬಹುಮಟ್ಟಿಗೆ ಇಂತಹ ಬಹುಪದೋಕ್ತಿಗಳೇ. ಉಗಿಯಂತ್ರದ ಸವೆತವನ್ನು ಕಂಡು ಹುಟ್ಟಿದ ಚಿಂತನೆಯು ಆ ಯಂತ್ರದ ಕಾಲವನ್ನು ದಾಟಿ ಬಂದಿದೆ.