ಮೂಗಿನಿಂದ ನೀರು ಸುರಿದ ದೊರೆ: ಹದಿನಾಲ್ಕನೇ ಲೂಯಿಯ ಹಲ್ಲು ಮತ್ತು ನಿಮ್ಮ ಸೈನಸ್

ಮೇಲ್ದವಡೆಯ ಹಲ್ಲು ಕೀಳಿಸಿಕೊಂಡು ಮನೆಗೆ ಬಂದಿದ್ದೀರಿ. ಬಾಯಿ ಮುಕ್ಕಳಿಸಲು ನೀರು ಹಾಕಿಕೊಂಡರೆ ಅದು ಮೂಗಿನ ಒಂದು ಹೊಳ್ಳೆಯಿಂದ ಇಳಿಯುತ್ತದೆ. ಯಾರಿಗಾದರೂ ಗಾಬರಿಯಾಗುವಂಥ ಸಂಗತಿ ಇದು. 1685ರಲ್ಲಿ ಫ್ರಾನ್ಸಿನ ದೊರೆ ಹದಿನಾಲ್ಕನೇ ಲೂಯಿಗೆ ಆಗಿದ್ದೂ ಇದೇ. ಆಗ ಯುರೋಪಿನಲ್ಲಿ ಅವನಿಗಿಂತ ಪ್ರಬಲನಾದ ದೊರೆ ಇನ್ನೊಬ್ಬನಿರಲಿಲ್ಲ. ಅವನ ವೈದ್ಯರು ಎಲ್ಲವನ್ನೂ ಬರೆದಿಟ್ಟಿದ್ದರಿಂದ ಹಲ್ಲಿಗೂ ಸೈನಸ್‌ಗೂ ಇರುವ ನಂಟನ್ನು ಅವನ ಬದುಕಿನ ಮೂಲಕವೇ ನೀವು ತಿಳಿದುಕೊಳ್ಳಬಹುದು.

ಲೂಯಿ ಹುಟ್ಟಿದ್ದು 1638ರ ಸೆಪ್ಟೆಂಬರ್ 5ರಂದು. ಹುಟ್ಟುವಾಗಲೇ ಬಾಯಲ್ಲಿ ಎರಡು ಹಲ್ಲುಗಳಿದ್ದವು. ಹಾಲೂಡಿಸಲು ನೇಮಿಸಿದ್ದ ದಾದಿಯರು ಅದರಿಂದ ಬಹಳ ಕಷ್ಟಪಟ್ಟರು. ಅಪರೂಪಕ್ಕೆ ಇಂದೂ ಕೆಲವು ಮಕ್ಕಳು ಹೀಗೆ ಹುಟ್ಟುತ್ತಾರೆ. ಅದು ಅಪಶಕುನವೂ ಅಲ್ಲ, ಶುಭಶಕುನವೂ ಅಲ್ಲ. ಹಲ್ಲು ತೀರಾ ಅಲ್ಲಾಡುತ್ತಿದ್ದರೆ ಮಕ್ಕಳ ದಂತವೈದ್ಯರಿಗೆ ತೋರಿಸಬೇಕು. ನಾಲ್ಕು ವರ್ಷ ತುಂಬಿದ್ದಾಗ, 1643ರಲ್ಲಿ, ತಂದೆ ತೀರಿಕೊಂಡು ಲೂಯಿ ದೊರೆಯಾದ. ಒಂಬತ್ತನೇ ವಯಸ್ಸಿನಲ್ಲಿ ಸಿಡುಬು ಬಂತು, ಇಪ್ಪತ್ತರ ಹೊತ್ತಿಗೆ ಪ್ರಾಣಕ್ಕೇ ಕುತ್ತು ತಂದ ಜ್ವರ ಬಂತು. ಎರಡರಿಂದಲೂ ಪಾರಾದ. 1661ರಲ್ಲಿ ಆಡಳಿತವನ್ನು ತಾನೇ ಕೈಗೆತ್ತಿಕೊಂಡ, 1682ರಲ್ಲಿ ಆಸ್ಥಾನವನ್ನು ವರ್ಸೇಲ್ಸ್ ಅರಮನೆಗೆ ಸಾಗಿಸಿದ. ವಾಲೋ, ದಾಕ್ಯಾಂ, ಫಾಗೋಂ ಎಂಬ ಮೂವರು ರಾಜವೈದ್ಯರು ಒಬ್ಬರಾದ ಮೇಲೊಬ್ಬರು ಅವನ ಆರೋಗ್ಯದ ದಿನಚರಿಯನ್ನು ಹಲವು ದಶಕ ಬರೆದರು.

ಅಷ್ಟೆಲ್ಲ ವೈದ್ಯರು ಸುತ್ತ ಇದ್ದರೂ ಹಲ್ಲು ಮಾತ್ರ ಅವರ ಕೆಲಸವಾಗಿರಲಿಲ್ಲ. ರಾಜವೈದ್ಯ ನಾಡಿ ನೋಡುತ್ತಿದ್ದ, ಭೇದಿಗೆ ಕೊಡುತ್ತಿದ್ದ, ರಕ್ತ ತೆಗೆಸುತ್ತಿದ್ದ. ಹಲ್ಲು ಕೀಳುವುದು ಬೇರೆಯೇ ಒಬ್ಬ ಕೈಕೆಲಸದವನ ಪಾಲು. ಬಾಯಿಯನ್ನೂ ಮೂಗನ್ನೂ ಒಟ್ಟಿಗೆ ನೋಡುವವರು ಯಾರೂ ಇರಲಿಲ್ಲ. ದೊರೆಯ ಕಷ್ಟಕ್ಕೆ ಅರ್ಧ ಕಾರಣ ಇದೇ ಎಂದು ನನಗನಿಸುತ್ತದೆ.

ಈಗ ನಿಮ್ಮ ಕೆನ್ನೆಯನ್ನೇ ಮುಟ್ಟಿ ನೋಡಿ. ಕಣ್ಣಿನ ಕೆಳಗೆ, ಮೂಗಿನ ಪಕ್ಕದಲ್ಲಿ ಕೈಗೆ ಗಟ್ಟಿಯಾಗಿ ಸಿಗುವ ಮೂಳೆಯ ಒಳಗೆ ಒಂದು ಟೊಳ್ಳು ಗೂಡಿದೆ. ಅದೇ ಮ್ಯಾಕ್ಸಿಲರಿ ಸೈನಸ್, ಎರಡೂ ಕೆನ್ನೆಗಳಲ್ಲಿ ಒಂದೊಂದು. ದೊಡ್ಡವರಲ್ಲಿ ಅದರ ಅಳತೆ ಸುಮಾರು 15 ಮಿಲಿಲೀಟರ್, ಅಂದರೆ ಮೂರು ಟೀ ಚಮಚ ನೀರು ಹಿಡಿಯುವಷ್ಟು. ಗೂಡಿನ ತಳ ಎಂದರೆ ಮೇಲಿನ ದವಡೆ ಹಲ್ಲುಗಳ ಬೇರಿನ ನೆತ್ತಿ. ಎಷ್ಟೋ ಜನರಲ್ಲಿ ಬೇರಿಗೂ ಗೂಡಿಗೂ ನಡುವೆ ಇರುವುದು ಕಾಗದದಷ್ಟು ತೆಳುವಾದ ಮೂಳೆ ಮಾತ್ರ. ಗೂಡಿನ ನೀರು ಮೂಗಿಗೆ ಹರಿದುಹೋಗುವ ಕಿಂಡಿ ಇರುವುದಾದರೋ ತಳದಲ್ಲಲ್ಲ, ಮೇಲುಗಡೆ. ಕೆಳಗೆ ಕೀವು ತುಂಬಿದರೆ ಅದು ತಾನಾಗಿ ಹೊರಗೆ ಹರಿಯುವುದು ಕಷ್ಟ.

ಲೂಯಿಯ ಕಾಲಕ್ಕೆ ಇದು ಗೊತ್ತಿರದ ಸಂಗತಿಯೇನಲ್ಲ. ಇಂಗ್ಲೆಂಡಿನ ವೈದ್ಯ ನಥಾನಿಯಲ್ ಹೈಮೋರ್ 1651ರಲ್ಲಿ ಪ್ರಕಟಿಸಿದ ಅಂಗರಚನೆಯ ಪುಸ್ತಕದಲ್ಲಿ ಈ ಗೂಡನ್ನು ವಿವರಿಸಿದ್ದ. ಅವನ ಬಳಿ ಬಂದ ಹೆಂಗಸೊಬ್ಬಳಿಗೆ ಮೇಲಿನ ಕೋರೆಹಲ್ಲು ಕಿತ್ತ ಮೇಲೆ ಆ ಜಾಗದಿಂದ ದ್ರವ ಇಳಿಯುತ್ತಲೇ ಇತ್ತು. ಆಕೆ ಅಲ್ಲಿಗೆ ಬೆಳ್ಳಿಯ ಕಡ್ಡಿ ತೂರಿಸಿದಳು, ಆಮೇಲೆ ಹಕ್ಕಿಯ ಗರಿ ತೂರಿಸಿದಳು. ಅದು ಒಳಕ್ಕೆ ಹೋದಷ್ಟೂ ಹೋಗುತ್ತಿದ್ದುದನ್ನು ಕಂಡು ಮಿದುಳಿಗೇ ಮುಟ್ಟಿತೆಂದು ಹೆದರಿದಳು. ಗರಿ ಗೂಡಿನೊಳಗೆ ಸುತ್ತಿಕೊಂಡಿತ್ತು, ಅಷ್ಟೆ.

ಅದೇ ಕಾಲಕ್ಕೆ ನಮ್ಮ ದೆಹಲಿಯಲ್ಲೂ ಒಬ್ಬ ಫ್ರೆಂಚ್ ವೈದ್ಯನಿದ್ದ. ಅವನ ಹೆಸರು ಫ್ರಾಂಸ್ವಾ ಬರ್ನಿಯೆ. ಔರಂಗಜೇಬನ ಆಸ್ಥಾನದ ದಾನಿಶ್‌ಮಂದ್ ಖಾನನ ಆಶ್ರಯದಲ್ಲಿದ್ದ ಅವನು ರಕ್ತ ಸಂಚಾರವನ್ನು ತೋರಿಸಲು ಆಡುಕುರಿಗಳನ್ನು ಕೊಯ್ದು ವಿವರಿಸುತ್ತಿದ್ದ. ಹೊಸ ಅಂಗರಚನಾ ವಿದ್ಯೆ ಶಹಜಹಾನಾಬಾದಿಗೂ ಬಂದು ತಲುಪಿತ್ತು. ವರ್ಸೇಲ್ಸಿನಲ್ಲಿ ಹಲ್ಲು ಕೀಳುವವನ ಇಕ್ಕಳಕ್ಕೆ ಮಾತ್ರ ತಲುಪಿರಲಿಲ್ಲ.

ನಲವತ್ತು ದಾಟುವಷ್ಟರಲ್ಲಿ ದೊರೆಯ ಹಲ್ಲುಗಳು ಹುಳುಕಾಗಿ ಹೋಗಿದ್ದವು. ಮೇಲ್ದವಡೆಯ ಒಂದು ಕಡೆಯ ಹಲ್ಲುಗಳನ್ನು ಕೀಳುವಾಗ ಹಲ್ಲಿನ ಜೊತೆ ದವಡೆಯ ಮೂಳೆಯ ತುಂಡೂ ಕಿತ್ತು ಬಂತು, ಅಲ್ಲಿ ತೂತು ಉಳಿಯಿತು. ಆ ತೂತಿನ ಮೂಲಕ ಬಾಯಿಂದ ಮೂಗಿಗೆ ದಾರಿಯಾಯಿತು. ದೊರೆ ನೀರು ಕುಡಿದರೆ, ಮುಕ್ಕಳಿಸಿದರೆ, ಅದು ಕಾರಂಜಿಯಂತೆ ಮೂಗಿನಿಂದ ಸುರಿಯುತ್ತಿತ್ತೆಂದು ದಾಕ್ಯಾಂ ದಾಖಲಿಸಿದ್ದಾನೆ. ದವಡೆಯ ಮೂಳೆ ಕೊಳೆತು ದುರ್ವಾಸನೆಯ ಕೀವೂ ಬರುತ್ತಿತ್ತು. ದೊರೆ ಊಟ ಮಾಡುವುದನ್ನು ಜನ ನಿಂತು ನೋಡುವ ಪದ್ಧತಿ ಆ ಅರಮನೆಯಲ್ಲಿತ್ತು. ಅವನ ಪಾಡು ಹೇಗಿದ್ದಿರಬೇಕೆಂದು ನೀವೇ ಊಹಿಸಿಕೊಳ್ಳಿ.

1685ರ ಜನವರಿಯಲ್ಲಿ ಹಲ್ಲಿನ ಕೆಲಸದ ದುಬ್ವಾ ಎಂಬವನು ಕಾಯಿಸಿದ ಕಬ್ಬಿಣದಿಂದ ಆ ಜಾಗವನ್ನು ಸುಡಲು ಶುರುಮಾಡಿದ. ಅರಿವಳಿಕೆ ಇಲ್ಲದೆ ಒಟ್ಟು ಹದಿನಾಲ್ಕು ಸಲ ಸುಟ್ಟರು. ಸುಡುವವನೇ ದೊರೆಗಿಂತ ಹೆಚ್ಚು ಬಳಲಿದನೆಂದು ದಿನಚರಿ ಹೇಳುತ್ತದೆ. ಕೊನೆಗೆ ತೂತು ಮುಚ್ಚಿಕೊಂಡಿತು. ಕ್ರೌರ್ಯವೆನಿಸಿದರೂ ಆ ಚಿಕಿತ್ಸೆ ಪೂರಾ ಮೂಢತನವಲ್ಲ. ಇಂಥ ತೂತು ಹಳತಾದರೆ ಅದರ ಒಳಗೋಡೆಗೆ ಚರ್ಮದಂಥ ಪದರ ಬೆಳೆದು ಶಾಶ್ವತ ಕೊಳವೆಯಾಗುತ್ತದೆ. ಆ ಪದರವನ್ನೂ ಕೊಳೆತ ಮೂಳೆಯನ್ನೂ ತೆಗೆಯದೆ ಗಾಯ ಕೂಡಿಕೊಳ್ಳುವುದಿಲ್ಲ. ಇಂದು ಅರಿವಳಿಕೆ ಕೊಟ್ಟು ಶಸ್ತ್ರವೈದ್ಯರು ಮಾಡುವುದೂ ಇದನ್ನೇ. ಆಮೇಲೆ ಪಕ್ಕದ ಒಸಡನ್ನೋ ಕೆನ್ನೆಯ ಒಳಗಿನ ಕೊಬ್ಬನ್ನೋ ಎಳೆದು ತೂತಿನ ಮೇಲೆ ಹೊದಿಸಿ ಹೊಲಿಯುತ್ತಾರೆ.

ನಿಮಗೆ ಹೀಗಾದರೆ ಹದಿನಾಲ್ಕು ಬರೆಗಳ ಭಯ ಬೇಡ. ಒಂದೆರಡು ಮಿಲಿಮೀಟರಿನ ತೂತು ಸಾಮಾನ್ಯವಾಗಿ ತಾನಾಗಿಯೇ ಮುಚ್ಚಿಕೊಳ್ಳುತ್ತದೆ. 5 ಮಿಲಿಮೀಟರಿಗಿಂತ ದೊಡ್ಡದಾದರೆ ಹೊಲಿಗೆ ಬೇಕಾಗುತ್ತದೆ. ಅದನ್ನು ಮೊದಲ ಎರಡು ದಿನಗಳೊಳಗೆ ಮಾಡಿಸಿದರೆ ಸೈನಸ್‌ಗೆ ಸೋಂಕು ತಗಲುವ ಸಾಧ್ಯತೆ ಕಡಿಮೆ. ಆದ್ದರಿಂದ ನೀರು ಮೂಗಿಗೆ ಬಂದರೆ ವಾರ ಕಾಯಬೇಡಿ, ಅಂದೇ ದಂತವೈದ್ಯರಿಗೆ ಫೋನ್ ಮಾಡಿ. ಎರಡು ವಾರ ಜೋರಾಗಿ ಮೂಗು ಸೀಟಬೇಡಿ, ಸೀನು ಬಂದರೆ ಬಾಯಿ ತೆರೆದೇ ಸೀನಿ. ಸ್ಟ್ರಾ ಹಾಕಿ ಎಳನೀರು ಕುಡಿಯುವುದು, ಬಲೂನು ಊದುವುದು, ಬೀಡಿ ಸಿಗರೇಟು, ಇವೆಲ್ಲ ಬೇಡ. ಆ ಜಾಗಕ್ಕೆ ನಾಲಿಗೆ ಹಾಕಿ ನೋಡುವ ಚಪಲವನ್ನೂ ತಡೆದುಕೊಳ್ಳಿ.

ಎಲ್ಲರಿಗೂ ದೊರೆಯಂತೆ ನೀರು ಸುರಿಯುವುದಿಲ್ಲ. ಹೆಚ್ಚು ಜನರಲ್ಲಿ ಹಲ್ಲಿನ ರೋಗ ಸೈನಸ್‌ಗೆ ಸದ್ದಿಲ್ಲದೆ ಏರುತ್ತದೆ. ಹಳೆಯ ಹುಳುಕು, ಸರಿಯಾಗಿ ಮುಗಿಯದ ರೂಟ್ ಕೆನಾಲ್, ಒಳಗೆ ಸರಿದ ಇಂಪ್ಲಾಂಟ್, ಇವುಗಳಿಂದ ಬೇರಿನ ತುದಿಯಲ್ಲಿ ಕೀವಾಗಿ ತೆಳುವಾದ ಮೂಳೆಯನ್ನು ದಾಟುತ್ತದೆ. ನರ ಸತ್ತ ಹಲ್ಲು ಎಷ್ಟೋ ಸಲ ನೋಯುವುದೇ ಇಲ್ಲ, ಹಾಗಾಗಿ ಹಲ್ಲಿನ ಮೇಲೆ ನಿಮಗೆ ಅನುಮಾನವೂ ಬರುವುದಿಲ್ಲ. ದೆಹಲಿ, ನೋಯ್ಡಾ, ಗುರುಗ್ರಾಮದಲ್ಲಿ ಇರುವವರಿಗಂತೂ ಇನ್ನೂ ಕಷ್ಟ. ದೀಪಾವಳಿಯ ಹೊತ್ತಿಗೆ ಹೊಗೆಮಂಜು ಕವಿದಾಗ ಮೂಗು ಕಟ್ಟಿದರೆ ಎಲ್ಲವನ್ನೂ ಗಾಳಿಯ ತಲೆಗೇ ಕಟ್ಟುತ್ತೇವೆ. ಹೊಗೆಯಿಂದಲೋ ಅಲರ್ಜಿಯಿಂದಲೋ ಆದದ್ದು ಸಾಮಾನ್ಯವಾಗಿ ಎರಡೂ ಕಡೆ ಇರುತ್ತದೆ. ಒಂದೇ ಹೊಳ್ಳೆ ಕಟ್ಟಿ, ಅದೇ ಕಡೆಯಿಂದ ಕೊಳೆತ ವಾಸನೆಯ ಸಿಂಬಳ ಬರುತ್ತಿದ್ದು, ಆಂಟಿಬಯೋಟಿಕ್ ಮುಗಿದ ಕೆಲವೇ ದಿನಗಳಲ್ಲಿ ಮತ್ತೆ ಕಾಣಿಸಿಕೊಂಡರೆ ಹಲ್ಲನ್ನು ನೋಡಿಸಲೇಬೇಕು. ಮ್ಯಾಕ್ಸಿಲರಿ ಸೈನಸ್ ಸೋಂಕುಗಳಲ್ಲಿ ಹಲ್ಲಿನಿಂದ ಬರುವವು ನೂರಕ್ಕೆ 10 ಎಂದು ಹಳೆಯ ಪುಸ್ತಕಗಳು ಹೇಳುತ್ತಿದ್ದವು. ಸಿ.ಟಿ. ಸ್ಕ್ಯಾನ್ ಬಂದ ಮೇಲಿನ ಅಧ್ಯಯನಗಳಲ್ಲಿ ಅದು 40ರವರೆಗೂ ಹೋಗಿದೆ.

ತಿರುಗುಮುರುಗಾಗಿ ಮೋಸ ಹೋಗುವುದೂ ಉಂಟು. ಬರೀ ನೆಗಡಿಯಿಂದ ಸೈನಸ್ ಊದಿಕೊಂಡಾಗ ಮೇಲಿನ ಎರಡು ಮೂರು ಹಲ್ಲುಗಳು ಒಟ್ಟಿಗೆ ನೋಯುತ್ತವೆ, ಬಗ್ಗಿದರೆ ನೋವು ಹೆಚ್ಚುತ್ತದೆ. ಆಗ ಒಳ್ಳೆಯ ಹಲ್ಲನ್ನು ಕೀಳಿಸಿಬಿಡಬೇಡಿ.

ಪರೀಕ್ಷೆ ಹೇಗೆ ನಡೆಯುತ್ತದೆ? ದಂತವೈದ್ಯರು ಹಲ್ಲನ್ನು ತಟ್ಟಿ, ತಣ್ಣಗಿನದು ಮುಟ್ಟಿಸಿ ನರ ಜೀವಂತವಿದೆಯೇ ನೋಡುತ್ತಾರೆ. ಸಣ್ಣ ಎಕ್ಸ್‌ರೇ ಅಥವಾ ಇಡೀ ದವಡೆಯ ಒ.ಪಿ.ಜಿ. ತೆಗೆಸುತ್ತಾರೆ. ಇವು ಮೇಲಿನ ದವಡೆ ಹಲ್ಲಿನ ತುದಿಯ ಕೀವನ್ನು ತೋರಿಸದೆ ಹೋಗಬಹುದು. ಅನುಮಾನ ಉಳಿದರೆ ಸಿ.ಬಿ.ಸಿ.ಟಿ. ಎಂಬ ಮೂರು ಆಯಾಮದ ಸ್ಕ್ಯಾನ್ ಬೇಕಾಗುತ್ತದೆ. ಕಿವಿ ಮೂಗು ಗಂಟಲು ತಜ್ಞರು ದೂರದರ್ಶಕ ನಳಿಕೆಯಿಂದ ಮೂಗಿನೊಳಗೆ ಕೀವು ಎಲ್ಲಿಂದ ಬರುತ್ತಿದೆ ಎಂದು ನೋಡುತ್ತಾರೆ. ಸೈನಸ್ ಸ್ಕ್ಯಾನಿನ ವರದಿಯಲ್ಲಿ ಹಲ್ಲಿನ ಬಗ್ಗೆ ಕೆಲವೊಮ್ಮೆ ಒಂದು ಸಾಲೂ ಇರುವುದಿಲ್ಲ. ಬೇರುಗಳನ್ನೂ ನೋಡಿ ಹೇಳಿ ಎಂದು ನೀವೇ ಕೇಳಬಹುದು.

ಚಿಕಿತ್ಸೆಯಲ್ಲಿ ಮೂಲವನ್ನು ತೆಗೆಯುವುದೇ ಮುಖ್ಯ. ಹಲ್ಲಿಗೆ ರೂಟ್ ಕೆನಾಲ್ ಮಾಡಿಸಬೇಕು, ಉಳಿಸಲಾಗದಿದ್ದರೆ ಕೀಳಿಸಬೇಕು. ಹಲವರಿಗೆ ಅಷ್ಟರಲ್ಲೇ ಸೈನಸ್ ತಿಳಿಯಾಗುತ್ತದೆ. ಕಿಂಡಿ ಮುಚ್ಚಿಹೋಗಿದ್ದರೆ ಮೂಗಿನ ಮೂಲಕವೇ ಎಂಡೋಸ್ಕೋಪಿ ಶಸ್ತ್ರಚಿಕಿತ್ಸೆ ಮಾಡಿ ಅದನ್ನು ಅಗಲಿಸುತ್ತಾರೆ. ಆಂಟಿಬಯೋಟಿಕ್ ಜೊತೆಗಿರುವ ನೆರವು ಮಾತ್ರ, ಅಂಗಡಿಯಿಂದ ಮತ್ತೆ ಮತ್ತೆ ತಂದು ನುಂಗುವಂಥದ್ದಲ್ಲ. ಎರಡೂ ವಿಭಾಗದ ವೈದ್ಯರು ಒಬ್ಬರ ಜೊತೆ ಒಬ್ಬರು ಮಾತಾಡಬೇಕಾದ ರೋಗ ಇದು. ದೆಹಲಿಯ ಏಮ್ಸ್‌ನಲ್ಲಿ ದಂತ ಕೇಂದ್ರವೂ ಮೂಗಿನ ವಿಭಾಗವೂ ಇವೆ. ಮೌಲಾನಾ ಆಜಾದ್ ದಂತ ವಿಜ್ಞಾನ ಸಂಸ್ಥೆಗೆ ಲೋಕನಾಯಕ ಆಸ್ಪತ್ರೆ ಪಕ್ಕದಲ್ಲೇ ಇದೆ. ರೋಗಿಯ ಜೊತೆ ಹೋಗುವವರು ಹಳೆಯ ಎಕ್ಸ್‌ರೇ, ಸ್ಕ್ಯಾನಿನ ಸಿ.ಡಿ., ಯಾವ ಹಲ್ಲಿಗೆ ಯಾವಾಗ ಏನು ಮಾಡಿಸಿದ್ದು ಎಂಬ ಚೀಟಿ, ಎಲ್ಲವನ್ನೂ ಎರಡೂ ಕಡೆ ತೋರಿಸಿ.

ಕೆಲವು ಲಕ್ಷಣಗಳಿಗೆ ಒಂದು ದಿನವೂ ತಡ ಮಾಡಬಾರದು. ಕಣ್ಣಿನ ಸುತ್ತ ಊತ, ಎರಡೆರಡಾಗಿ ಕಾಣುವುದು, ಜ್ವರದ ಜೊತೆ ತೀವ್ರ ತಲೆನೋವು ಬಂದರೆ ನೇರ ತುರ್ತು ವಿಭಾಗಕ್ಕೆ ಹೋಗಿ. ಸಕ್ಕರೆ ಕಾಯಿಲೆ ಇದ್ದವರಲ್ಲಿ ಅಂಗುಳ ಕಪ್ಪಾದರೆ, ಮೇಲಿನ ಹಲ್ಲುಗಳು ಇದ್ದಕ್ಕಿದ್ದಂತೆ ಅಲ್ಲಾಡಿದರೆ ಶಿಲೀಂಧ್ರದ ಸೋಂಕಿರಬಹುದು. 2021ರಲ್ಲಿ ಕೋವಿಡ್ ಎರಡನೇ ಅಲೆಯಲ್ಲಿ ಕಪ್ಪು ಶಿಲೀಂಧ್ರವೆಂದು ಕರೆದದ್ದು ಇದನ್ನೇ. ಆಗ ದೆಹಲಿ ಸರ್ಕಾರ ಲೋಕನಾಯಕ, ಗುರು ತೇಗ್ ಬಹಾದ್ದೂರ್, ರಾಜೀವ್ ಗಾಂಧಿ ಆಸ್ಪತ್ರೆಗಳಲ್ಲಿ ಅದಕ್ಕೆಂದೇ ಕೇಂದ್ರ ತೆರೆಯಬೇಕಾಯಿತು. ಕೆನ್ನೆ ಮರಗಟ್ಟುವುದು, ಒಂದೇ ಹೊಳ್ಳೆಯಿಂದ ಪದೇ ಪದೇ ರಕ್ತ ಬರುವುದು ಗಡ್ಡೆಯ ಸೂಚನೆಯಾಗಿರಬಹುದು, ಅದನ್ನೂ ಬೇಗ ತೋರಿಸಿ.

ಲೂಯಿಯ ಉಳಿದ ಬದುಕು ಹಲ್ಲಿಲ್ಲದ ಬದುಕು. 1686ರ ನವೆಂಬರ್ 18ರಂದು ಶಸ್ತ್ರವೈದ್ಯ ಫೆಲಿ ಅವನಿಗೆ ಭಗಂದರದ ಶಸ್ತ್ರಚಿಕಿತ್ಸೆ ಮಾಡಿದ. ಎರಡಕ್ಕೂ ಫಿಸ್ಟುಲಾ ಎಂಬ ಒಂದೇ ಹೆಸರು ಇರುವುದರಿಂದ ಓದುವವರು ಗೊಂದಲಪಡುವುದುಂಟು, ಆದರೆ ಇದು ಬೇರೆಯೇ ರೋಗ. ದಾಕ್ಯಾಂ 1693ರಲ್ಲಿ ಕೆಲಸ ಕಳೆದುಕೊಂಡ, ಅವನ ಜಾಗಕ್ಕೆ ಫಾಗೋಂ ಬಂದ. 1699ರಲ್ಲಿ ದೊರೆಯ ಶಾಸನದಂತೆ ಪ್ಯಾರಿಸಿನಲ್ಲಿ ಹಲ್ಲಿನ ಕೆಲಸ ಮಾಡುವವರು ಪರೀಕ್ಷೆ ಪಾಸಾಗಬೇಕೆಂಬ ನಿಯಮ ಬಂತು. ರಿಗೋ 1701ರಲ್ಲಿ ಬರೆದ ಅವನ ಪ್ರಸಿದ್ಧ ಚಿತ್ರವನ್ನು ಎಲ್ಲಾದರೂ ಕಂಡರೆ ಮೇಲಂಗಿಯನ್ನು ಬಿಟ್ಟು ಮುಖ ನೋಡಿ. ಕೆನ್ನೆಗಳು ಒಳಕ್ಕೆ ಇಳಿದಿವೆ, ತುಟಿಗಳು ಬಿಗಿದುಕೊಂಡಿವೆ. ಕಾಲಿಗೆ ಗ್ಯಾಂಗ್ರೀನ್ ಆಗಿ 1715ರ ಸೆಪ್ಟೆಂಬರ್ 1ರಂದು ಅವನು ತೀರಿಕೊಂಡ. ಅದೇ ಪ್ಯಾರಿಸಿನಲ್ಲಿ ಹದಿಮೂರು ವರ್ಷಗಳ ನಂತರ, 1728ರಲ್ಲಿ, ಪಿಯೆರ್ ಫೋಶಾರ್ ಹಲ್ಲಿನ ಚಿಕಿತ್ಸೆಯ ಕುರಿತು ಎರಡು ಸಂಪುಟಗಳ ಪುಸ್ತಕ ಪ್ರಕಟಿಸಿದ. ದಂತವೈದ್ಯಕೀಯ ಒಂದು ಪ್ರತ್ಯೇಕ ವಿದ್ಯೆಯಾಗಿ ನಿಂತದ್ದು ಅಲ್ಲಿಂದ.