ಪಕ್ಕದ ಮನೆಯ ಮಾಂತ್ರಿಕ

ಉಪಾಧ್ಯಾಯನಾಗಿದ್ದಾಗ ನಾನು ಮಾಡಿದ ಒಂದು ತಪ್ಪನ್ನು ಒಪ್ಪಿಕೊಂಡೇ ಈ ಜೀವನಕಥೆಯನ್ನು ಆರಂಭಿಸಬೇಕಾಗಿದೆ. ನೀರು ತುಂಬಿದ ಲೋಟದ ಬಾಯಿಗೆ ರಟ್ಟಿನ ತುಂಡೊಂದನ್ನು ಒತ್ತಿ ಹಿಡಿದು, ಲೋಟವನ್ನು ತಲೆಕೆಳಗು ಮಾಡಿ ಕೈ ತೆಗೆದರೂ ನೀರು ಚೆಲ್ಲುವುದಿಲ್ಲ. ಹೊರಗಿನ ಗಾಳಿಯ ಒತ್ತಡವು ರಟ್ಟನ್ನು ಕೆಳಗಿನಿಂದ ತಳ್ಳಿ ಹಿಡಿದಿರುತ್ತದೆ. ತರಗತಿಯಲ್ಲಿ ನಾನು ಈ ಕಾರಣವನ್ನು ಮೊದಲೇ ಹಲಗೆಯ ಮೇಲೆ ಬರೆದು, ಆಮೇಲೆ ಲೋಟವನ್ನು ಕೈಗೆತ್ತಿಕೊಂಡೆ. ಮಕ್ಕಳು ತಲೆ ಬಗ್ಗಿಸಿ ಬರೆದುಕೊಳ್ಳುತ್ತಿದ್ದರು. ಲೋಟವನ್ನು ನೋಡಿದವರೇ ಇಲ್ಲ. ನಾನು ಎಡವಿದ್ದೆಲ್ಲಿ ಎಂಬುದು ಅರಿವಾದುದು ಬಹುಕಾಲದ ಅನಂತರ, ಡಾನ್ ಹರ್ಬರ್ಟ್ ಎಂಬ ಅಮೆರಿಕದ ನಟನ ಹಳೆಯ ಟೆಲಿವಿಷನ್ ಕಾರ್ಯಕ್ರಮಗಳನ್ನು ಕಂಡಾಗ.

ಹರ್ಬರ್ಟ್ ವಿಜ್ಞಾನಿಯಲ್ಲ. 1917ರ ಜುಲೈ 10ರಂದು ಮಿನ್ನೆಸೋಟದ ವಕೋನಿಯದಲ್ಲಿ ಹುಟ್ಟಿದ ಆತ, ವಿಸ್ಕಾನ್ಸಿನ್ ರಾಜ್ಯದ ಲಾ ಕ್ರಾಸ್ ಶಿಕ್ಷಕರ ಕಾಲೇಜಿನಲ್ಲಿ ಇಂಗ್ಲಿಷನ್ನೂ ಸಾಮಾನ್ಯ ವಿಜ್ಞಾನವನ್ನೂ ಓದಿ 1940ರಲ್ಲಿ ಪದವಿ ಪಡೆದ. ಮನಸ್ಸು ಒಲಿದದ್ದು ಮಾತ್ರ ರಂಗಭೂಮಿಗೆ. ಮುಂದೆ ಅಧ್ಯಕ್ಷ ರೇಗನ್ನರ ಪತ್ನಿಯಾದ ನಟಿ ನ್ಯಾನ್ಸಿ ಡೇವಿಸ್ ಅವರೊಡನೆ ಬೇಸಗೆಯ ನಾಟಕದಲ್ಲಿ ಅಭಿನಯಿಸಿದ್ದೂ ಉಂಟು. ಎರಡನೆಯ ಮಹಾಯುದ್ಧ ಆತನನ್ನು ಬಾಂಬರ್ ವಿಮಾನದ ಚಾಲಕನನ್ನಾಗಿ ಮಾಡಿತು. ಇಟಲಿಯ ನೆಲೆಯಿಂದ 56 ಬಾರಿ ಹಾರಿ, ಜೀವಸಹಿತ ಮರಳಿದ. ಯುದ್ಧಾನಂತರ ಷಿಕಾಗೊದ ರೇಡಿಯೋ ನಾಟಕಗಳಲ್ಲಿ ಪಾತ್ರಧಾರಿಯಾದ.

1951ರ ಮಾರ್ಚ್ 3ರಂದು ಆ ನಗರದ ಎನ್‌ಬಿಸಿ ನಿಲಯದಿಂದ ‘ವಾಚ್ ಮಿಸ್ಟರ್ ವಿಝರ್ಡ್’ ಪ್ರಸಾರವಾಗತೊಡಗಿತು. ಹೆಸರು ಮಾಂತ್ರಿಕನದಾದರೂ ಪಾತ್ರ ನೆರೆಮನೆಯವನದು. ಬಿಳಿಯ ನಿಲುವಂಗಿಯಿಲ್ಲ, ಪ್ರಯೋಗಶಾಲೆಯ ಆಡಂಬರವಿಲ್ಲ; ಬಾಟಲಿ, ಮೊಟ್ಟೆ, ಮೇಣದ ಬತ್ತಿಗಳೇ ಉಪಕರಣಗಳು. ಪಕ್ಕದ ಮನೆಯ ಹುಡುಗನೋ ಹುಡುಗಿಯೋ ಒಳಗೆ ಬರುವುದು, ಆತ ಏನನ್ನೋ ಮಾಡುತ್ತಿರುವುದು, ಮುಂದೇನಾಗಬಹುದೆಂದು ಮಗುವನ್ನೇ ಕೇಳುವುದು. ಆತನ ಅಭಿನಯದ ಮರ್ಮವಿರುವುದು ಇಲ್ಲಿಯೇ ಎಂದು ನನಗೆ ತೋರುತ್ತದೆ. ಉತ್ತರವನ್ನು ಬಲ್ಲವನು ಅದನ್ನು ನಾಲಗೆಯ ತುದಿಯಲ್ಲಿ ತಡೆದು, ಮಗು ತಾನಾಗಿ ಅಲ್ಲಿಗೆ ತಲುಪುವವರೆಗೆ ಕಾಯಬೇಕು. ನನಗೆ ಇಲ್ಲದಿದ್ದದ್ದು ಆ ಸಂಯಮ.

ಈ ಪಾತ್ರಕ್ಕೆ 1953ರ ಪೀಬಾಡಿ ಪ್ರಶಸ್ತಿ ಬಂದಿತು. ಆತನ ಹೆಸರಿನ ವಿಜ್ಞಾನ ಸಂಘಗಳು ಆ ದಶಕದಲ್ಲಿಯೇ 5,000ವನ್ನು ಮೀರಿದವು. 1955ರಲ್ಲಿ ಕಾರ್ಯಕ್ರಮ ನ್ಯೂಯಾರ್ಕಿಗೆ ಸಾಗಿತು. ಒಟ್ಟು 547 ಕಂತುಗಳು ನೇರವಾಗಿ ಪ್ರಸಾರವಾದವು. ನೇರ ಪ್ರಸಾರದಲ್ಲಿ ಪ್ರಯೋಗ ಕೈಕೊಟ್ಟರೆ ಮುಚ್ಚಿಡಲು ಪರದೆಯಿಲ್ಲ ಎಂಬುದನ್ನು ವಾಚಕರು ನೆನೆಯಬೇಕು. ಆದರೂ 1965ರಲ್ಲಿ ಎನ್‌ಬಿಸಿ ಅದನ್ನು ನಿಲ್ಲಿಸಿತು. ಹರ್ಬರ್ಟ್ ಪಾತ್ರವನ್ನು ಬಿಡಲಿಲ್ಲ. 1983ರಲ್ಲಿ, ಅರುವತ್ತಾರರ ವಯಸ್ಸಿನಲ್ಲಿ, ನಿಕೆಲೋಡಿಯನ್ ವಾಹಿನಿಯಲ್ಲಿ ಹೊಸ ತಲೆಮಾರಿನ ಮಕ್ಕಳೆದುರು ಮತ್ತೆ ನಿಂತ. 1990ರವರೆಗೆ ಅದು ನಡೆಯಿತು. 2007ರ ಜೂನ್ 12ರಂದು ಕ್ಯಾಲಿಫೋರ್ನಿಯದಲ್ಲಿ ತೀರಿಕೊಂಡಾಗ ಆತನಿಗೆ ಎಂಬತ್ತೊಂಬತ್ತು ವರ್ಷ.

ನಟನಿಗೆ ಬಗೆಬಗೆಯ ಪಾತ್ರಗಳ ಹಂಬಲವಿರುವುದು ಸಹಜ. ಈತ ಒಂದೇ ಪಾತ್ರದಲ್ಲಿ ಆಯುಷ್ಯದ ಬಹುಭಾಗವನ್ನು ಸವೆಸಿದ. ಅದೂ, ಬೆಳಕನ್ನು ಎದುರಿನ ಮಗುವಿನ ಮೇಲೆ ಬೀಳಗೊಡುವ ಪಾತ್ರದಲ್ಲಿ.

ಈಚೆಗೆ ಅದೇ ಲೋಟವನ್ನು ಮೊಮ್ಮಗಳ ಮುಂದೆ ತಲೆಕೆಳಗು ಮಾಡಿದೆ. ಕಾರಣವನ್ನು ಹೇಳಲಿಲ್ಲ, ಹೇಳದಿರುವುದು ಎಷ್ಟು ಕಷ್ಟವೆಂದು ಆಗ ತಿಳಿಯಿತು. ಅಡಿಗೆಮನೆಯ ನೆಲವನ್ನು ಮೂರು ಸಲ ನೀರಾಗಿಸಿದ ಬಳಿಕ, ಲೋಟವನ್ನು ಓರೆಯಾಗಿ ಹಿಡಿದರೂ ರಟ್ಟು ಬೀಳದೆಂಬುದನ್ನು ಅವಳೇ ಕಂಡುಕೊಂಡಳು. ಅದನ್ನು ನಾನು ತರಗತಿಯಲ್ಲಿ ಎಂದೂ ಮಾಡಿ ತೋರಿಸಿರಲಿಲ್ಲ.