ಮಹಾಕ್ಷೋಭದವರೆಗೆ ಎಣಿಸಿದ ಮಹಾವೀರಾಚಾರ್ಯರು

ಗಣಿತ ಕಲಿಸುತ್ತ ಬಂದ ನಾನು ಈ ಸುವರ್ಣ ಮಹೋತ್ಸವ ಸಂಚಿಕೆಯಲ್ಲಿ ಒಬ್ಬರನ್ನು ನೆನೆಯಬೇಕೆಂದರೆ ಅದು ಮಹಾವೀರಾಚಾರ್ಯರನ್ನೇ. ಒಂಬತ್ತನೆಯ ಶತಮಾನದ ಈ ದಿಗಂಬರ ಜೈನ ಗಣಿತಜ್ಞರು ರಾಷ್ಟ್ರಕೂಟ ದೊರೆ ಅಮೋಘವರ್ಷ ನೃಪತುಂಗನ ಕಾಲದವರು. ಆ ದೊರೆಯ ರಾಜಧಾನಿ ಮಾನ್ಯಖೇಟವೇ ಕಲಬುರಗಿ ಜಿಲ್ಲೆಯ ಇಂದಿನ ಮಳಖೇಡ. ಆಚಾರ್ಯರ ಬದುಕೆಂದರೆ ಸುಮಾರು 850ರಲ್ಲಿ ಸಂಸ್ಕೃತದಲ್ಲಿ ಬರೆದ ಅವರ ‘ಗಣಿತಸಾರಸಂಗ್ರಹ’ವೇ. ಅಡುಗೆ, ವೈದ್ಯ, ಸಂಗೀತ, ವ್ಯಾಪಾರ ಎಲ್ಲಕ್ಕೂ ಗಣಿತ ಬೇಕೆಂದು ಅವರು ಗ್ರಂಥದ ಆರಂಭದಲ್ಲೇ ಹೇಳುತ್ತಾರೆ.

ಎಲ್ಲಕ್ಕಿಂತ ದೊಡ್ಡ ಸಂಖ್ಯೆ ಯಾವುದೆಂದು ಪ್ರತಿ ವರ್ಷ ಯಾರಾದರೊಬ್ಬ ಹುಡುಗ ಕೇಳಿಯೇ ಕೇಳುತ್ತಿದ್ದ. ನಾವು ಕೋಟಿಗೆ ನಿಂತು, ಆಮೇಲೆ ಲಕ್ಷ ಕೋಟಿ ಎಂದು ತೇಪೆ ಹಚ್ಚುತ್ತೇವೆ. ಆಚಾರ್ಯರು 24 ಸ್ಥಾನಗಳಿಗೆ ಹೆಸರಿಟ್ಟರು. ಶತಕೋಟಿ ದಾಟಿ ಅರ್ಬುದ, ನ್ಯರ್ಬುದ, ಖರ್ವ, ಪದ್ಮ, ಶಂಖ ಎಂದು ಏರುತ್ತ ಕೊನೆಗೆ ಮಹಾಕ್ಷೋಭ: ಒಂದರ ಮುಂದೆ 23 ಸೊನ್ನೆ. ಕೋಟಿಯನ್ನು ಕೋಟಿಯಿಂದ ಗುಣಿಸಿ, ಮತ್ತೆ ನೂರು ಕೋಟಿಯಿಂದ ಗುಣಿಸಿದರೆ ಅಲ್ಲಿಗೆ ಮುಟ್ಟುತ್ತೇವೆ.

ಸೆಕೆಂಡಿಗೆ ಒಂದರಂತೆ ಅಷ್ಟನ್ನು ಎಣಿಸಲು ವಿಶ್ವದ ವಯಸ್ಸಾದ 1380 ಕೋಟಿ ವರ್ಷದ ಎರಡು ಲಕ್ಷ ಪಟ್ಟಿಗೂ ಹೆಚ್ಚು ಕಾಲ ಬೇಕು. ಹುಡುಗರು ನಗುತ್ತಿದ್ದರು, ಅಷ್ಟು ವಸ್ತು ಎಲ್ಲಿದೆ ಸರ್ ಎಂದು ಕೇಳುತ್ತಿದ್ದರು. ದೂರ ಹೋಗಬೇಕಿಲ್ಲ. 18 ಗ್ರಾಂ ನೀರಿನಲ್ಲಿರುವ ಅಣುಗಳು ಸುಮಾರು ಆರು ಮಹಾಕ್ಷೋಭ. ಅಂದರೆ ನಮ್ಮ ಕೃಷ್ಣೆಯ ನೀರನ್ನು ಮೂರು ಗ್ರಾಂ, ಅರ್ಧ ಚಮಚದಷ್ಟು, ಅಂಗೈಗೆ ಹಾಕಿಕೊಂಡರೆ ಒಂದು ಮಹಾಕ್ಷೋಭ ಅಣು ಕೈಯಲ್ಲಿದ್ದಂತೆ! ಆಚಾರ್ಯರ ಕಾಲಕ್ಕೆ ಈ ಲೆಕ್ಕ ಇರಲಿಲ್ಲ. ಹೆಸರು ಮಾತ್ರ ಸಿದ್ಧವಾಗಿತ್ತು.

ಇನ್ನೊಂದು ಮಾತು. ಜೈನ ಪರಂಪರೆ ಸಂಖ್ಯೆಗಳನ್ನು ಸಂಖ್ಯಾತ, ಅಸಂಖ್ಯಾತ, ಅನಂತ ಎಂದು ಬೇರ್ಪಡಿಸುತ್ತದೆ. ಮಹಾಕ್ಷೋಭ ಎಷ್ಟೇ ದೊಡ್ಡದಾದರೂ ಸಂಖ್ಯಾತವೇ. ಒಂದು ಕೂಡಿಸಿದರೆ ಅದಕ್ಕಿಂತ ದೊಡ್ಡದು ಸಿಗುತ್ತದೆ. ಬಹಳ ದೊಡ್ಡದು ಬೇರೆ, ಕೊನೆಯಿಲ್ಲದ್ದು ಬೇರೆ ಎಂಬುದು ಪದವೀಧರರಿಗೂ ತಟ್ಟನೆ ಹೊಳೆಯುವುದಿಲ್ಲ.

ಸಂಖ್ಯೆಗಳೊಡನೆ ಆಟವಾಡುವುದೂ ಅವರಿಗೆ ಇಷ್ಟ. 12345654321 ಎಂಬುದನ್ನು ಒಂದರಿಂದ ಆರಕ್ಕೆ ಏರಿ ಮತ್ತೆ ಇಳಿಯುವ ಸಂಖ್ಯೆಯೆಂದು ವರ್ಣಿಸಿದ್ದಾರೆ. 111111ರ ವರ್ಗ ಮಾಡಿ ನೋಡಿ. ಋಣ ಸಂಖ್ಯೆಗೆ ವರ್ಗಮೂಲವಿಲ್ಲವೆಂದು ಆಗಲೇ ಕಂಡಿದ್ದರು. ಸೊನ್ನೆಯಿಂದ ಭಾಗಿಸಿದರೆ ಸಂಖ್ಯೆ ಹಾಗೆಯೇ ಉಳಿಯುತ್ತದೆ ಎಂದದ್ದು ಮಾತ್ರ ತಪ್ಪು. ಅದನ್ನೂ ಮಕ್ಕಳಿಗೆ ಹೇಳಬೇಕು.

ಹನ್ನೊಂದನೆಯ ಶತಮಾನದಲ್ಲೇ ಪಾವುಲೂರಿ ಮಲ್ಲನ ಈ ಗ್ರಂಥವನ್ನು ತೆಲುಗಿಗೆ ತಂದ. 1912ರಲ್ಲಿ ಮದರಾಸಿನಲ್ಲಿ ಎಂ. ರಂಗಾಚಾರ್ಯರ ಇಂಗ್ಲಿಷ್ ಅನುವಾದ ಅಚ್ಚಾಯಿತು. ಪದ್ಮಾವತಮ್ಮನವರ ಕನ್ನಡ ಅನುವಾದವನ್ನು 2000ದಲ್ಲಿ ಹೊಂಬುಜ ಜೈನ ಮಠ ಪ್ರಕಟಿಸಿದೆ. ಅದರ ಒಂದು ಪ್ರತಿ ನಮ್ಮ ಶಾಲೆಯ ಗ್ರಂಥಾಲಯಕ್ಕೆ ಬರಲೆಂದು ಹಳೆಯ ವಿದ್ಯಾರ್ಥಿಗಳಲ್ಲಿ ಕೇಳಿಕೊಳ್ಳುತ್ತೇನೆ.